ಕಾಲ ಬಗ್ಗುತ್ತದೆ, ಹಸಿವು ಬಗ್ಗುವುದಿಲ್ಲ

ರಮಝಾನಿನ ಒಂದು ದಿನ. ನಮ್ಮ ಹನ್ನೆರಡು ವರ್ಷದ ಮಗ ಉಪವಾಸವಿದ್ದ. ಅಸರ್ ನಮಾಝಿನಿಂದ ಇಫ್ತಾರ್‌ವರೆಗಿನ ಹೊತ್ತು ಎಷ್ಟು ಉದ್ದ ಎಂಬುದು ಆ ವಯಸ್ಸಿನ ಮಕ್ಕಳಿಗೆ ಗೊತ್ತಿರುವಷ್ಟು ಬೇರೆ ಯಾರಿಗೂ ಗೊತ್ತಿರಲಾರದು. ಹೊತ್ತು ಕಳೆಯಲೆಂದು ಅವನು 'ಡಾಕ್ಟರ್ ಸ್ಟ್ರೇಂಜ್' ಎಂಬ ಇಂಗ್ಲಿಷ್ ಸಿನಿಮಾ ಹಾಕಿಕೊಂಡು ಕೂತಿದ್ದ. 2016ರಲ್ಲಿ ಬಂದ ಈ ಸಿನಿಮಾದಲ್ಲಿ ಕಾಠ್ಮಂಡುವಿನಲ್ಲಿ ಒಂದು ಮಂತ್ರವಾದಿಗಳ ಪಂಥವಿದೆ. ಅಪಘಾತದಲ್ಲಿ ಕೈಗಳ ಶಕ್ತಿ ಕಳೆದುಕೊಂಡ ಒಬ್ಬ ಅಮೆರಿಕನ್ ಸರ್ಜನ್ ಅಲ್ಲಿಗೆ ಬಂದು ವಿದ್ಯೆ ಕಲಿಯುತ್ತಾನೆ. ಒಂದು ರಾತ್ರಿ ಗ್ರಂಥಾಲಯದಲ್ಲಿ ಕೂತು, ಕೊರಳಿನ ತಾಯಿತದಂಥ ಒಂದು ವಸ್ತುವಿನ ಬಲದಿಂದ ಸೇಬಿನ ಹಣ್ಣೊಂದರ ಮೇಲೆ ಕಾಲವನ್ನು ಪ್ರಯೋಗಿಸಿ ನೋಡುತ್ತಾನೆ. ಕಚ್ಚಿದ ಹಣ್ಣು ಸವೆಯುತ್ತದೆ, ಕೊಳೆಯುತ್ತದೆ, ಮತ್ತೆ ಇಡಿಯಾಗುತ್ತದೆ.

ಮಗ ಸೇಬನ್ನೇ ನೋಡುತ್ತಾ, "ಅಮ್ಮಿ, ಇವನು ನಮ್ಮ ಗಡಿಯಾರವನ್ನೂ ಸ್ವಲ್ಪ ಮುಂದಕ್ಕೆ ತಿರುಗಿಸಬಾರದಾ?" ಎಂದ.

ನಾವು ನಕ್ಕೆವು. ಆದರೆ ಅಡುಗೆಮನೆಯಲ್ಲಿ ಕಡಲೆ ಬೇಯಲಿಟ್ಟು ನಿಂತಾಗ ಆ ಮಾತು ತಲೆಯಲ್ಲಿ ಉಳಿಯಿತು. ಮನಸ್ಸಿನ ಬಲದಿಂದ ಕಾಲವನ್ನು ಬಗ್ಗಿಸುವ ಮಾಂತ್ರಿಕರು ಇಂದಿನ ಸಿನಿಮಾದವರು ಕಂಡುಹಿಡಿದವರಲ್ಲ. ನಮ್ಮ ಅಜ್ಜಿಯರ ಬಾಯಲ್ಲಿ, ಕಾಶ್ಮೀರದ ಪಂಡಿತರ ಗ್ರಂಥದಲ್ಲಿ, ಸ್ಪೇನಿನ ಒಬ್ಬ ಪಾಳೆಯಗಾರನ ಪುಸ್ತಕದಲ್ಲಿ ಅವರು ಮೊದಲಿನಿಂದಲೂ ಇದ್ದಾರೆ. ಅವರಿಗೊಂದು ಮಠವಿಲ್ಲ, ಸಮವಸ್ತ್ರವಿಲ್ಲ. ಒಬ್ಬರನ್ನೊಬ್ಬರು ಬಲ್ಲವರೂ ಅಲ್ಲ. ಆದರೂ ಅವರೆಲ್ಲ ಒಂದೇ ಪಂಥದವರು ಎನ್ನುವಷ್ಟು ಒಂದೇ ರೀತಿಯ ಕೆಲಸ ಮಾಡುತ್ತಾರೆ. ಆ ಕೆಲಸವೇನು, ಅದರ ಋಣವೇನು ಎಂಬುದನ್ನು ಇಲ್ಲಿ ನೋಡಬೇಕೆಂದಿದ್ದೇವೆ.

ಮೊದಲ ಕತೆ ನಮ್ಮ ನಾನಿಮಾ ಹೇಳಿದ್ದು. ಮಿಸರ್ ದೇಶದ ಒಬ್ಬ ಸುಲ್ತಾನನಿಗೆ ಮಿಅ್‌ರಾಜ್‌ನ ಬಗ್ಗೆ ಸಂಶಯ. ಪ್ರವಾದಿಯವರು(ಸ) ಏಳು ಆಕಾಶಗಳನ್ನು ಕಂಡು ಮರಳಿದಾಗ, ಹೊರಡುವ ಹೊತ್ತಿನಲ್ಲಿ ಮಗುಚಿದ ಹೂಜಿಯ ನೀರು ಇನ್ನೂ ಪೂರ್ತಿ ಚೆಲ್ಲಿರಲಿಲ್ಲ ಎಂದು ಜನ ಹೇಳಿಕೊಳ್ಳುವುದನ್ನು ಕೇಳಿ ಅವನು ನಗುತ್ತಿದ್ದ. ಒಬ್ಬ ಶೇಖ್ ಬಂದು, ನೀರು ತುಂಬಿದ ತೊಟ್ಟಿಯಲ್ಲಿ ಒಮ್ಮೆ ತಲೆ ಮುಳುಗಿಸಿ ಎತ್ತು ಎಂದರು. ಸುಲ್ತಾನ ಮುಳುಗಿಸಿದ. ಎತ್ತಿದಾಗ ಯಾವುದೋ ಬೆಟ್ಟದ ಬುಡದಲ್ಲಿ, ಸಮುದ್ರದ ದಂಡೆಯಲ್ಲಿದ್ದ. ಸೌದೆ ಕಡಿಯುವವರ ಬೆನ್ನು ಹಿಡಿದು ಪೇಟೆಗೆ ಹೋದ, ಶ್ರೀಮಂತಳಾದ ಒಬ್ಬಳನ್ನು ಮದುವೆಯಾದ. ಏಳು ಗಂಡು, ಏಳು ಹೆಣ್ಣು ಹುಟ್ಟಿದವು. ಐಶ್ವರ್ಯ ಕರಗಿತು. ಕೊನೆಗೆ ಮಕ್ಕಳ ಹೊಟ್ಟೆಗಾಗಿ ಬೀದಿಯಲ್ಲಿ ಹೊರೆ ಹೊರುವ ಹಮಾಲನಾದ. ಒಂದು ದಿನ ನಮಾಝಿಗೆ ಮೊದಲು ಮೈ ತೊಳೆಯಲೆಂದು ಸಮುದ್ರದಲ್ಲಿ ಮುಳುಗಿ ಎದ್ದರೆ, ಅದೇ ತೊಟ್ಟಿ, ಅದೇ ದರ್ಬಾರು, ಅದೇ ಶೇಖ್. ತಲೆ ಮುಳುಗಿಸಿ ಎತ್ತಿದಷ್ಟೇ ಹೊತ್ತು ಕಳೆದಿತ್ತು.

ನಾನಿಮಾ ಇದನ್ನು ಒಲೆಯ ಮುಂದೆ ಕೂತು ಹೇಳುತ್ತಿದ್ದರು. ಅನ್ನ ಬೆಂದಾಗ ಕತೆಯೂ ಮುಗಿಯುತ್ತಿತ್ತು. ಬಹಳ ವರ್ಷಗಳ ನಂತರ ಇದೇ ಕತೆ 1711ರಲ್ಲಿ ಲಂಡನ್ನಿನ 'ಸ್ಪೆಕ್ಟೇಟರ್' ಪತ್ರಿಕೆಯ 94ನೇ ಸಂಚಿಕೆಯಲ್ಲಿ ಅಚ್ಚಾಗಿದ್ದುದನ್ನು ಕಂಡು ನಮಗೆ ಅಚ್ಚರಿಯಾಯಿತು. ಫ್ರೆಂಚಿನ ಮೂಲಕ ಬಂದ ತುರ್ಕಿ ಕತೆಗಳಿಂದ ಜೋಸೆಫ್ ಅಡಿಸನ್ ಅದನ್ನು ಎತ್ತಿಕೊಂಡಿದ್ದರು. ಮನಸ್ಸಿನಲ್ಲಿ ಒಂದರ ಹಿಂದೊಂದು ಬರುವ ಭಾವನೆಗಳಿಂದಲೇ ಕಾಲದ ಅರಿವು ಹುಟ್ಟುತ್ತದೆ ಎಂಬ ತತ್ವಜ್ಞಾನಿ ಲಾಕ್ ಅವರ ವಿಚಾರಕ್ಕೆ ಅದು ಅವರಿಗೊಂದು ಉದಾಹರಣೆ. ಅಕ್ಷರ ಬಾರದ ನಮ್ಮ ನಾನಿಮಾ ಮತ್ತು ಲಂಡನ್ನಿನ ಆ ಪಂಡಿತರು ಒಂದೇ ಕತೆಯನ್ನು ಬೇರೆ ಬೇರೆ ಕಾರಣಕ್ಕೆ ಹೇಳುತ್ತಿದ್ದರು. ಅಡಿಸನ್‌ಗೆ ಬೇಕಾದದ್ದು ಕಾಲದ ಲೆಕ್ಕ. ನಾನಿಮಾ ಹಮಾಲನ ಹೊರೆಯ ಬಗ್ಗೆಯೇ ಹೆಚ್ಚು ಹೇಳುತ್ತಿದ್ದರು. ಅವರ ತಂದೆ ಹಮಾಲರಾಗಿದ್ದರು.

ಎರಡನೆಯ ಕತೆ ನಮಗೆ ಸಿಕ್ಕಿದ್ದು ಹೈಸ್ಕೂಲಿನ ಕನ್ನಡ ಮೇಷ್ಟ್ರಿಂದ. 'ಯೋಗವಾಸಿಷ್ಠ'ದ ಲವಣ ರಾಜನ ಪ್ರಸಂಗ ಅದು. ಈ ಗ್ರಂಥದ ಹಳೆಯ ರೂಪವಾದ 'ಮೋಕ್ಷೋಪಾಯ' 10ನೇ ಶತಮಾನದ ಕಾಶ್ಮೀರದಲ್ಲಿ ಹುಟ್ಟಿತೆಂದು ವಿದ್ವಾಂಸರು ಹೇಳುತ್ತಾರೆ. ಲವಣ ಹರಿಶ್ಚಂದ್ರನ ವಂಶದವನು. ಅವನ ಸಭೆಗೆ ಒಬ್ಬ ಐಂದ್ರಜಾಲಿಕ ಬಂದು ನವಿಲುಗರಿಯ ಕಟ್ಟನ್ನು ಬೀಸುತ್ತಾನೆ. ಕುದುರೆಯೊಂದು ಕಾಣಿಸುತ್ತದೆ. ರಾಜ ಕೂತಲ್ಲೇ ಕಲ್ಲಾಗುತ್ತಾನೆ. ಸ್ವಲ್ಪ ಹೊತ್ತಿನ ನಂತರ ನಡುಗುತ್ತಾ ಎಚ್ಚೆತ್ತು ತಾನು ಕಂಡದ್ದನ್ನು ಹೇಳುತ್ತಾನೆ. ಕುದುರೆ ಅವನನ್ನು ಕಾಡಿಗೆ ಎಳೆದೊಯ್ದಿತು. ಬಳ್ಳಿಯೊಂದನ್ನು ಹಿಡಿದು ತಪ್ಪಿಸಿಕೊಂಡ. ಹಸಿವಿನಿಂದ ಕಂಗೆಟ್ಟಾಗ ಒಬ್ಬ ಹುಡುಗಿ ತನ್ನ ತಂದೆಗೆ ಬುತ್ತಿ ಒಯ್ಯುತ್ತಿದ್ದಳು. ಆಕೆ ಗ್ರಂಥ ಚಂಡಾಲರೆಂದು ಕರೆಯುವ ಜನರವಳು. ತನ್ನನ್ನು ಮದುವೆಯಾದರೆ ಮಾತ್ರ ಅನ್ನ ಕೊಡುವೆ ಎಂದಳು. ಅವನು ಒಪ್ಪಿ ಉಂಡ. ಅವಳ ಕೇರಿಯಲ್ಲಿ ಅರವತ್ತು ವರ್ಷ ಬಾಳಿದ, ಮಕ್ಕಳನ್ನು ಪಡೆದ. ಬರ ಬಂತು. ಊರು ಬಿಟ್ಟು ಹೊರಟ ದಾರಿಯಲ್ಲಿ ಚಿಕ್ಕ ಮಗ ಹಸಿವು ತಾಳಲಾರದೆ ಮಾಂಸಕ್ಕಾಗಿ ಅತ್ತ. ತನ್ನ ಮೈಯ ಮಾಂಸವನ್ನೇ ಕೊಡುವೆನೆಂದು ತಂದೆ ಬೆಂಕಿ ಹೊತ್ತಿಸಿ ಅದರಲ್ಲಿ ಬಿದ್ದ. ಬಿದ್ದ ಕ್ಷಣದಲ್ಲೇ ಸಿಂಹಾಸನದ ಮೇಲೆ ಎಚ್ಚರವಾಯಿತು.

ಇಲ್ಲಿಗೆ ಮುಗಿದಿದ್ದರೆ ಇದು ಮಾಯೆಯ ಬಗ್ಗೆ ಇನ್ನೊಂದು ನೀತಿಕತೆಯಾಗುತ್ತಿತ್ತು. ಆದರೆ ಲವಣ ಸುಮ್ಮನಿರಲಾರದೆ ಆ ಜಾಗವನ್ನು ಹುಡುಕಿಕೊಂಡು ವಿಂಧ್ಯದ ಕಡೆ ಹೊರಡುತ್ತಾನೆ. ಕೇರಿ ಅಲ್ಲೇ ಇದೆ. ಬರ ನಿಜವಾಗಿಯೂ ಬಂದುಹೋಗಿದೆ. ಒಬ್ಬ ಮುದುಕಿ ಕೂತು ತನ್ನ ಮಗಳಿಗಾಗಿ, ಮೊಮ್ಮಕ್ಕಳಿಗಾಗಿ, ಎಲ್ಲಿಂದಲೋ ಬಂದು ಅಳಿಯನಾದ ರಾಜನಿಗಾಗಿ ಅಳುತ್ತಿದ್ದಾಳೆ. ಲೋಕದ ಕಥಾಸಾಹಿತ್ಯದಲ್ಲಿ ಇದಕ್ಕಿಂತ ಮೈ ನಡುಗಿಸುವ ಸನ್ನಿವೇಶವನ್ನು ನಾವು ಹೆಚ್ಚು ಕಂಡಿಲ್ಲ.

ಈ ಗ್ರಂಥ ಒಂದು ಧರ್ಮದವರ ಕಪಾಟಿನಲ್ಲಷ್ಟೇ ಉಳಿಯಲಿಲ್ಲ ಎಂಬುದನ್ನು ಓದುಗರು ಗಮನಿಸಬೇಕು. ಮುಂದೆ ಜಹಾಂಗೀರನಾದ ರಾಜಕುಮಾರ ಸಲೀಮನಿಗಾಗಿ ನಿಜಾಮುದ್ದೀನ್ ಪಾನಿಪತಿ ಪಂಡಿತರ ನೆರವಿನಿಂದ 1597ರ ಸುಮಾರಿಗೆ ಇದರ ಸಂಗ್ರಹರೂಪವನ್ನು ಫಾರಸಿಗೆ ತಂದರು. 1602ರ ಒಂದು ಚಿತ್ರಸಹಿತ ಫಾರಸಿ ಪ್ರತಿ ಇಂದು ಡಬ್ಲಿನ್ನಿನ ಚೆಸ್ಟರ್ ಬೀಟಿ ಗ್ರಂಥಾಲಯದಲ್ಲಿದೆ. 1656ರಲ್ಲಿ ದಾರಾ ಶಿಕೋಹ್ ಮತ್ತೊಂದು ಅನುವಾದ ಮಾಡಿಸಿದ. ವಸಿಷ್ಠರೂ ರಾಮಚಂದ್ರನೂ ತನ್ನ ಕನಸಿಗೆ ಬಂದರೆಂದೂ, ರಾಮ ತನ್ನನ್ನು ಅಪ್ಪಿಕೊಂಡು ಸಿಹಿ ತಿನ್ನಿಸಿದನೆಂದೂ ಅದರ ಮುನ್ನುಡಿ ಹೇಳುತ್ತದೆ. ಮೂರೇ ವರ್ಷಗಳಲ್ಲಿ, 1659ರಲ್ಲಿ, ದಾರಾ ಕೊಲೆಯಾದ. ಆ ಸಿಹಿಯ ರುಚಿ ಉಳಿಯಿತು.

ಮೂರನೆಯ ಕತೆಗೆ ಸ್ಪೇನಿಗೆ ಹೋಗಬೇಕು. ತೊಲೆದೊ ನಗರ 1085ರಲ್ಲಿ ಮುಸ್ಲಿಂ ದೊರೆಗಳ ಕೈತಪ್ಪಿ ಕ್ರೈಸ್ತ ಅರಸರ ವಶವಾಯಿತು. ಆದರೆ ಅದರ ಅರಬ್ಬೀ ಪುಸ್ತಕಗಳು ಉಳಿದವು. ಅವನ್ನು ಲ್ಯಾಟಿನ್‌ಗೆ ತಿರುಗಿಸಲು ಯೂರೋಪಿನ ಮೂಲೆಗಳಿಂದ ವಿದ್ವಾಂಸರು ಬಂದರು. ಇಟಲಿಯ ಕ್ರೆಮೋನಾದ ಜೆರಾರ್ಡ್ ಟಾಲೆಮಿಯ ಖಗೋಳ ಗ್ರಂಥವನ್ನು 1175ರಲ್ಲಿ ಅರಬ್ಬಿಯಿಂದ ಅನುವಾದಿಸಿದ್ದು ಅಲ್ಲಿಯೇ. ಓದಲು ಬಾರದ ಭಾಷೆಯಲ್ಲಿ ಇಷ್ಟೊಂದು ವಿದ್ಯೆಯಿದ್ದ ಊರು ದೂರದವರ ಕಣ್ಣಿಗೆ ಮಾಟದ ಊರಾಗಿ ಕಂಡದ್ದರಲ್ಲಿ ಆಶ್ಚರ್ಯವಿಲ್ಲ. ಗೊತ್ತಿಲ್ಲದವರ ವಿದ್ಯೆಯನ್ನು ಮಾಟವೆನ್ನುವುದು ಹಳೆಯ ರೋಗ.

ಆ ಊರಿನ ಮಾಂತ್ರಿಕ ದೋನ್ ಇಲ್ಯಾನ್‌ನ ಕತೆಯನ್ನು ದೋನ್ ಹುವಾನ್ ಮನುಯೆಲ್ ಎಂಬ ಪಾಳೆಯಗಾರ 1335ರಲ್ಲಿ ಮುಗಿಸಿದ 'ಕೋಂದೆ ಲುಕಾನೋರ್' ಎಂಬ ಪುಸ್ತಕದಲ್ಲಿ ಹೇಳಿದ್ದಾನೆ. ಗ್ರಾನಾಡದ ಮುಸ್ಲಿಮರೊಡನೆ ಯುದ್ಧ ಮಾಡಿದ ಇವನ ಪುಸ್ತಕದಲ್ಲಿಯೇ ಸೆವಿಲ್ಲೆಯ ಅರಸ ಅಲ್ ಮುಅ್‌ತಮಿದ್‌ನ ರಾಣಿಯ ಕತೆಯೂ ಇದೆ, ಕೊರ್ದೊಬಾದ ಅಲ್ ಹಕಮ್‌ನ ಕತೆಯೂ ಇದೆ. ಕತ್ತಿಗಳು ಗಡಿ ಕಾಯುತ್ತಿದ್ದಾಗಲೂ ಕತೆಗಳು ಗಡಿ ದಾಟುತ್ತಿದ್ದವು.

ಸಾಂತಿಯಾಗೊ ಇಗರ್ಜಿಯ ಒಬ್ಬ ಡೀನ್ ಮಂತ್ರವಿದ್ಯೆ ಕಲಿಯಲು ದೋನ್ ಇಲ್ಯಾನ್‌ನಲ್ಲಿಗೆ ಬರುತ್ತಾನೆ. ನೀನು ಮುಂದೆ ದೊಡ್ಡವನಾದಾಗ ನನ್ನನ್ನು ಮರೆಯುವೆ ಎನ್ನುತ್ತಾನೆ ಇಲ್ಯಾನ್. ಮರೆಯುವುದಿಲ್ಲ ಎಂದು ಡೀನ್ ಮಾತು ಕೊಡುತ್ತಾನೆ. ರಾತ್ರಿಯ ಊಟಕ್ಕೆ ಕೌಜುಗ ಹಕ್ಕಿಗಳನ್ನು ತಂದಿಡು, ಆದರೆ ನಾನು ಹೇಳುವತನಕ ಸುಡಬೇಡ ಎಂದು ಕೆಲಸದವಳಿಗೆ ಹೇಳಿ ಇಲ್ಯಾನ್ ಅವನನ್ನು ನೆಲದಾಳದ ಕೋಣೆಗೆ ಕರೆದೊಯ್ಯುತ್ತಾನೆ. ತಾಹೊ ನದಿಯೇ ತಲೆಯ ಮೇಲೆ ಹರಿಯುತ್ತಿರಬೇಕು ಎನ್ನುವಷ್ಟು ಆಳ. ಅಲ್ಲಿಗೆ ಡೀನನಿಗೆ ಪತ್ರಗಳು ಬರುತ್ತವೆ. ಆರ್ಚ್‌ಬಿಷಪ್ ಆಗಿದ್ದ ಅವನ ದೊಡ್ಡಪ್ಪ ತೀರಿಕೊಳ್ಳುತ್ತಾನೆ. ಆ ಪದವಿ ಇವನಿಗೆ ಬರುತ್ತದೆ. ತೆರವಾದ ಜಾಗವನ್ನು ನನ್ನ ಮಗನಿಗೆ ಕೊಡು ಎಂದು ಇಲ್ಯಾನ್ ಕೇಳಿದರೆ, ಅದನ್ನು ತನ್ನ ತಮ್ಮನಿಗೆ ಕೊಡುತ್ತಾನೆ. ಮುಂದೆ ಬೇರೆ ಊರಿನ ಬಿಷಪ್, ಆಮೇಲೆ ಕಾರ್ಡಿನಲ್, ಕೊನೆಗೆ ಪೋಪ್. ಪ್ರತಿ ಸಲವೂ ಇಲ್ಯಾನ್ ಕೇಳುತ್ತಾನೆ, ಪ್ರತಿ ಸಲವೂ ಜಾಗ ಸಂಬಂಧಿಕರ ಪಾಲಾಗುತ್ತದೆ. ಕಡೆಗೆ ಪೋಪ್, ನೀನು ಮಾಟಗಾರ, ಧರ್ಮದ್ರೋಹಿ, ಜೈಲಿಗೆ ಹಾಕಿಸುತ್ತೇನೆ ಎಂದು ಗದರಿಸುತ್ತಾನೆ. ಊರಿಗೆ ಮರಳುವ ದಾರಿಗೆ ಬುತ್ತಿಯನ್ನಾದರೂ ಕೊಡು ಎಂದರೆ ಅದನ್ನೂ ಕೊಡುವುದಿಲ್ಲ. ಹಾಗಾದರೆ ಇವತ್ತು ರಾತ್ರಿಗೆಂದು ತರಿಸಿದ ಕೌಜುಗಗಳನ್ನೇ ತಿನ್ನುತ್ತೇನೆ ಎಂದು ಇಲ್ಯಾನ್ ಕೆಲಸದವಳನ್ನು ಕರೆದು, ಇನ್ನು ಸುಡು ಎನ್ನುತ್ತಾನೆ. ಪೋಪ್ ಮತ್ತೆ ಡೀನ್ ಆಗಿ ತೊಲೆದೊದ ಕೋಣೆಯಲ್ಲಿ ನಿಂತಿರುತ್ತಾನೆ. ನಾಚಿಕೆಯಿಂದ ಮಾತು ಹೊರಡುವುದಿಲ್ಲ. ಅರ್ಜೆಂಟೀನಾದ ಬೋರ್ಹೆಸ್ 1935ರ ತನ್ನ ಸಂಕಲನದಲ್ಲಿ ಈ ಕತೆಯನ್ನು ಮತ್ತೆ ಹೇಳಿದ. ನಾವು ಮೊದಲು ಓದಿದ್ದು ಅವನ ಮೂಲಕವೇ.

ಮೂರೂ ಕತೆಗಳನ್ನು ಪಕ್ಕಪಕ್ಕದಲ್ಲಿಟ್ಟು ನೋಡಿದರೆ ಮೊದಲು ಕಾಣುವುದು ಇಷ್ಟು. ಕಾಲವನ್ನು ಬಗ್ಗಿಸುವವನು ಕಥಾನಾಯಕನಲ್ಲ, ಗುರು. ಬಗ್ಗಿದ ಕಾಲದೊಳಗೆ ಸಿಕ್ಕಿಬೀಳುವವನು ಅಧಿಕಾರದಲ್ಲಿರುವವನು ಅಥವಾ ಅಧಿಕಾರದ ಆಸೆಯಲ್ಲಿರುವವನು. ನಮ್ಮ ಕಾಲದ ಸಿನಿಮಾದಲ್ಲಿ ಇದು ತಿರುವುಮುರುವಾಗಿದೆ. ಅಲ್ಲಿ ಕಾಲ ನಾಯಕನ ಆಯುಧ. ಆ ಸರ್ಜನ್ ಲೋಕವನ್ನು ಉಳಿಸಲು ಕಾಲದ ಸುಳಿಯೊಂದನ್ನು ಕಟ್ಟಿ ಮತ್ತೆ ಮತ್ತೆ ಸಾಯುತ್ತಾನೆ, ಅದು ಸಣ್ಣ ತ್ಯಾಗವೆಂದು ನಾವು ಹೇಳುವುದಿಲ್ಲ. ಆದರೆ ಅವನು ಗೆಲ್ಲುವುದು ಹೊರಗಿನ ವೈರಿಯ ಮೇಲೆ. ಹಳೆಯ ಮಾಂತ್ರಿಕರು ತೋರಿಸುವ ವೈರಿ ಸಿಂಹಾಸನದ ಮೇಲೆಯೇ ಕೂತಿರುತ್ತಾನೆ.

ಎರಡನೆಯದನ್ನು ಕಾಣಲು ನಮಗೆ ಆ ಉಪವಾಸದ ಸಂಜೆ ಬೇಕಾಯಿತು. ಈ ಕತೆಗಳಲ್ಲಿ ಗಡಿಯಾರದ ಕೆಲಸ ಮಾಡುವುದು ಹಸಿವು. ಲವಣನ ಇನ್ನೊಂದು ಬಾಳು ಒಂದು ಬುತ್ತಿಯಿಂದ ಶುರುವಾಗಿ ಮಗುವಿನ ಹಸಿವಿನಲ್ಲಿ ಮುಗಿಯುತ್ತದೆ. ಸುಲ್ತಾನ ಹದಿನಾಲ್ಕು ಮಕ್ಕಳ ಹೊಟ್ಟೆಗಾಗಿ ಹೊರೆ ಹೊರುತ್ತಾನೆ. ಡೀನನ ಎಲ್ಲ ಪದವಿಗಳೂ ಹಸಿ ಹಕ್ಕಿಗಳು ಒಲೆ ಏರುವ ಮೊದಲೇ ಮುಗಿದುಹೋಗುತ್ತವೆ. ವರ್ಷಗಳನ್ನು ಕ್ಷಣಕ್ಕೆ ಇಳಿಸಬಲ್ಲ ಮಾಂತ್ರಿಕನಿಗೂ ಹಸಿವನ್ನು ಬಗ್ಗಿಸಲಾಗುವುದಿಲ್ಲ. ಅದಕ್ಕೆ ಅನ್ನವೇ ಬೇಕು, ಅದನ್ನು ಇನ್ನೊಬ್ಬರೇ ಕೊಡಬೇಕು. ಸಿನಿಮಾದಲ್ಲಿಯೂ ಒಂದು ಸೇಬು ಇದೆ. ಆದರೆ ಅದು ಬರಿಯ ಪ್ರಯೋಗದ ವಸ್ತು. ಆ ಕೋಣೆಯಲ್ಲಿ ಹಸಿದವರು ಯಾರೂ ಇಲ್ಲ. ಹಸಿದವನು ಟಿ.ವಿ.ಯ ಈಚೆಗಿದ್ದ.

ಇಲ್ಲೊಂದು ಮಾತು. ಸಿಹ್ರ್ ನಮ್ಮ ಧರ್ಮದಲ್ಲಿ ನಿಷಿದ್ಧ, ಅದರ ಕತೆ ಏಕೆ ಎಂದು ಕೆಲವು ಓದುಗರು ಕೇಳಬಹುದು. ಪವಿತ್ರ ಕುರ್‌ಆನ್‌ನಲ್ಲಿಯೂ ಕಾಲ ಮಡಚಿಕೊಂಡ ಪ್ರಸಂಗಗಳಿವೆ, ಆದರೆ ಅಲ್ಲಿ ಮಾಂತ್ರಿಕನಿಲ್ಲ. ಅದು ಅಲ್ಲಾಹನ ಇಚ್ಛೆ, ಮನುಷ್ಯನ ವಿದ್ಯೆಯಲ್ಲ. ಈ ವ್ಯತ್ಯಾಸವನ್ನು ನಾವು ಮರೆಯುವುದಿಲ್ಲ. ಆದರೂ ಅಲ್ಲಿಯ ಗುರುತುಗಳನ್ನು ನೋಡಿ. 309 ವರ್ಷ ಮಲಗಿದ್ದ ಗುಹಾವಾಸಿಗಳು ಎದ್ದೊಡನೆ ಮಾಡುವ ಕೆಲಸ, ಒಬ್ಬನ ಕೈಗೆ ನಾಣ್ಯ ಕೊಟ್ಟು ಊಟ ತರಲು ಕಳಿಸುವುದು. ನೂರು ವರ್ಷ ಸತ್ತು ಎದ್ದ ಮನುಷ್ಯನಿಗೆ ತೋರಿಸಲಾಗುವ ಕುರುಹುಗಳಲ್ಲಿ ಒಂದು ಅವನ ಕೆಡದೆ ಉಳಿದ ಅನ್ನ ಮತ್ತು ನೀರು.

ಇಷ್ಟಾದ ಮೇಲೆ ಈ ಕತೆಗಳ ಕೊರತೆಯನ್ನೂ ಹೇಳದಿದ್ದರೆ ಅದು ವಿಮರ್ಶೆಯಾಗುವುದಿಲ್ಲ. ಸುಲ್ತಾನ ತೊಟ್ಟಿಯಿಂದ ತಲೆ ಎತ್ತಿದ. ಸಮುದ್ರದ ದಂಡೆಯ ಆ ಊರಿನಲ್ಲಿ ಹದಿನಾಲ್ಕು ಮಕ್ಕಳೊಡನೆ ಕಾಯುತ್ತಿದ್ದ ಹೆಂಗಸಿನ ಗತಿಯೇನು? ಕತೆ ಕೇಳುವುದೇ ಇಲ್ಲ. ಚಿಕ್ಕಂದಿನಲ್ಲಿ ನಾವು ಕೇಳಿದಾಗ ನಾನಿಮಾ, "ಅವಳು ಇನ್ನೂ ರೊಟ್ಟಿ ತಟ್ಟುತ್ತಾ ಇದ್ದಾಳೆ ಬೇಟಿ" ಎಂದಿದ್ದರು. ಆಗ ಅದು ತಮಾಷೆಯೆಂದುಕೊಂಡಿದ್ದೆವು.

ಲವಣನ ಕತೆಯ ದೋಷ ಇನ್ನೂ ಆಳದ್ದು. ರಾಜ ಕಂಡ ದುಃಸ್ವಪ್ನ ಯಾವುದು? ಕೆಳಜಾತಿಯ ಕೇರಿಯಲ್ಲಿ ಹೆಂಡತಿ ಮಕ್ಕಳೊಂದಿಗೆ ಬಾಳುವುದು, ಬರದಲ್ಲಿ ಹಸಿಯುವುದು. ಗ್ರಂಥಕರ್ತನಿಗೆ ಅದು ಮನಸ್ಸಿನ ಭ್ರಮೆಗೆ ಒಳ್ಳೆಯ ದೃಷ್ಟಾಂತ. ಕೇರಿಯವರಿಗೆ ಅದು ಅವರ ಬದುಕು. ಒಬ್ಬನ ಕೆಟ್ಟ ಕನಸಿನ ಸಾಮಗ್ರಿಯಾಗಲೆಂದು ಅವರು ಹುಟ್ಟಿದವರಲ್ಲ. ಅನ್ನಕ್ಕೆ ಬದಲಾಗಿ ಮದುವೆ ಕೇಳಿದ ಆ ಹುಡುಗಿಯನ್ನು ಕತೆ ಅಸಹ್ಯದಿಂದ ನೋಡುತ್ತದೆ. ತಂದೆಗೆಂದು ತಂದ ಬುತ್ತಿಯಲ್ಲಿ ಪಾಲು ಕೊಟ್ಟು ರಾಜನನ್ನು ಬದುಕಿಸಿದವಳು ಅವಳೇ ಎಂಬುದನ್ನು ನೆನೆಯುವುದಿಲ್ಲ. ಕೊನೆಗೆ ಮುದುಕಿಯ ಮುಂದೆ ನಿಂತ ರಾಜ ಅವಳನ್ನು ಸಂತೈಸಿ ತನ್ನ ನಗರಕ್ಕೆ ಮರಳುತ್ತಾನೆ, ಇದು ಹೇಗೆ ಸಾಧ್ಯವೆಂದು ಋಷಿಯನ್ನು ಕೇಳುತ್ತಾನೆ. ಋಷಿಯ ಉತ್ತರ ಮನಸ್ಸಿನ ಬಗ್ಗೆ. ಆ ಉತ್ತರದಿಂದ ತತ್ವಜ್ಞಾನಿಗೆ ಸಮಾಧಾನವಾಗಬಹುದು, ಮುದುಕಿಗೆ ಆಗುವುದಿಲ್ಲ. ದಲಿತ, ಬಂಡಾಯ ಸಾಹಿತ್ಯವನ್ನು ಓದಿ ಬೆಳೆದ ನಮ್ಮ ಪೀಳಿಗೆಗೆ ಈ ಕತೆಯನ್ನು ಮುದುಕಿಯ ಕಡೆಯಿಂದ ಓದದೆ ಬೇರೆ ದಾರಿಯಿಲ್ಲ.

ಆದರೆ ಒಂದು ವಿಷಯದಲ್ಲಿ ಲವಣನನ್ನು ಮೆಚ್ಚಬೇಕು. ಅವನು ಹೋಗಿ ನೋಡಿದ. ಸುಲ್ತಾನ ಹೋಗಲಿಲ್ಲ, ಡೀನ್ ನಾಚಿಕೊಂಡು ಊರಿಗೆ ಹೊರಟ. ಕನಸೆಂದು ಕೈತೊಳೆದುಕೊಳ್ಳಬಹುದಾಗಿದ್ದ ರಾಜನೊಬ್ಬ ಮಾತ್ರ ವಿಂಧ್ಯದವರೆಗೆ ನಡೆದ.

ಇದನ್ನು ಬರೆಯುವಾಗ ನಮ್ಮ ಕಸುಬಿನ ನೆನಪಾಗುತ್ತದೆ. ಕತೆಗಾರರೂ ಈ ಪಂಥದವರೇ. ಕುರ್ಚಿಯಲ್ಲಿ ಕೂತ ಓದುಗನನ್ನು ಅರ್ಧ ಗಂಟೆಯಲ್ಲಿ ಇನ್ನೊಬ್ಬರ ಅರವತ್ತು ವರ್ಷದೊಳಗೆ ಇಳಿಸಿ ಮತ್ತೆ ಕುರ್ಚಿಗೆ ತಂದು ಬಿಡುತ್ತೇವೆ. ಓದುಗ ಕಣ್ಣೊರೆಸಿಕೊಂಡು ಏಳುತ್ತಾನೆ, ಕತೆ ಚೆನ್ನಾಗಿದೆ ಎಂದು ಪತ್ರ ಬರೆಯುತ್ತಾನೆ. ಕೇರಿ ಅಲ್ಲೇ ಇರುತ್ತದೆ.

ಓದುಗರನ್ನು ದೂರುವ ಮೊದಲು ನಮ್ಮ ಮಾತನ್ನೇ ಹೇಳಬೇಕು. ಹದಿನೈದು ವರ್ಷಗಳ ಹಿಂದೆ ನಾವು ಬೀಡಿ ಕಟ್ಟುವ ಒಬ್ಬ ವಿಧವೆಯ ಬಗ್ಗೆ ಕತೆ ಬರೆದೆವು. ಅದಕ್ಕಾಗಿ ಎರಡು ಮಧ್ಯಾಹ್ನ ಆಕೆಯ ಮನೆಯಲ್ಲಿ ಕೂತಿದ್ದೆವು. ಮೊರ ತೊಡೆಯ ಮೇಲಿಟ್ಟುಕೊಂಡು, ಎಲೆ ಸುತ್ತುವ ಕೈ ನಿಲ್ಲಿಸದೆ ಆಕೆ ತನ್ನ ಬಾಳನ್ನೆಲ್ಲ ಹೇಳಿದರು. ಏಳುವಾಗ, "ಚಾ ಕುಡಿಯದೆ ಹೇಗೆ ಹೋಗ್ತೀರಿ ಆಪಾ" ಎಂದು ತಡೆದು, ಪಕ್ಕದ ಮನೆಯಿಂದ ಸಕ್ಕರೆ ತರಲು ಮಗಳನ್ನು ಓಡಿಸಿದರು. ಮಾತಿಗೆ ಕೂತ ಹೊತ್ತಿನಲ್ಲಿ ಅವರ ಎಷ್ಟು ಬೀಡಿ ಕಡಿಮೆಯಾದವು ಎಂದು ನಾವು ಲೆಕ್ಕ ಹಾಕಲಿಲ್ಲ. ಕತೆ ಅಚ್ಚಾಯಿತು, ಹೊಗಳಿಕೆ ಬಂತು, ಸಂಭಾವನೆಯೂ ಬಂತು. ಪ್ರತಿಯನ್ನು ಕೊಟ್ಟು ಬರಬೇಕು, ಓದಿ ಹೇಳಬೇಕು ಎಂದುಕೊಂಡದ್ದು ಹಾಗೇ ಉಳಿಯಿತು. ದೋನ್ ಇಲ್ಯಾನ್‌ಗೆ ಮಾತು ಕೊಟ್ಟ ಡೀನನೂ ನಾಳೆ, ನಾಡಿದ್ದು ಎಂದೇ ದಿನ ತಳ್ಳಿರಬೇಕು.

ಈ ರಮಝಾನಿನಲ್ಲಿ ಹೋದೆವು. ಸಕ್ಕರೆ ತಂದಿದ್ದ ಮಗಳು ಬಾಗಿಲು ತೆರೆದಳು. ಅವಳ ತೊಡೆಯ ಮೇಲಿದ್ದ ಮೊರವನ್ನು ಈಗಷ್ಟೇ ಕೆಳಗಿಟ್ಟಂತಿತ್ತು. ತಾಯಿ ತೀರಿಕೊಂಡು ಆರು ವರ್ಷವಾಯಿತಂತೆ. ನಮ್ಮ ಗುರುತು ಅವಳಿಗೆ ಹತ್ತಲಿಲ್ಲ. ಕತೆಯ ವಿಷಯ ಹೇಳಿದೆವು. ಅವಳು ಸುಮ್ಮನೆ ಕೇಳಿದಳು. ಮಗ್ರಿಬ್ ಹತ್ತಿರವಾಗಿತ್ತು. ಒಳಗೆ ಹೋಗಿ ಒಂದು ತಟ್ಟೆಯಲ್ಲಿ ನಾಲ್ಕು ಖರ್ಜೂರ, ಲೋಟದಲ್ಲಿ ನೀರು ತಂದಿಟ್ಟು, "ರೋಝಾ ಬಿಚ್ಚಿ ಹೋಗಿ ಆಪಾ, ಇನ್ನು ಐದೇ ನಿಮಿಷ" ಎಂದಳು.

ಆ ಐದು ನಿಮಿಷ ಬಹಳ ಉದ್ದವಾಗಿತ್ತು.